ರಸ್ತೆ ಬೇಕು ಎಂದ ಅರ್ಜಿದಾರ

ಕಡೂರಿನಿಂದ ತರೀಕೆರೆಗೆ ಹೋಗುವ ರಸ್ತೆ ಅಗಲವಾಗಬೇಕು, ನೆಟ್ಟಗಾಗಬೇಕು ಎಂದು ಆ ಸೀಮೆಯಲ್ಲಿ ಎಲ್ಲರಿಗಿಂತ ಹೆಚ್ಚು ಬಾಯಿ ಬಡಿದುಕೊಂಡವರು ಡ್ರೈವರ್ ಹಿದಾಯತುಲ್ಲಾ. ಹಾಗೆ ಬಡಿದುಕೊಳ್ಳಲು ಅವರಿಗೆ ಹಕ್ಕೂ ಇತ್ತು. ಬೀರೂರು ಸ್ಟೇಷನ್ನಿನ ಮುಂದೆ ಜಟಕಾ ಹೊಡೆಯುತ್ತಿದ್ದ ಅಪ್ಪನ ಮಗ್ಗುಲಲ್ಲಿ ಕೂತು ಬೆಳೆದವರು. ಜಟಕಾ ಕಾಲ ಮುಗಿದ ಮೇಲೆ ಲಾರಿ ಕ್ಲೀನರಾದರು, ಲೈಸೆನ್ಸ್ ಮಾಡಿಸಿಕೊಂಡರು, ಕೊನೆಗೆ ಸರ್ಕಾರಿ ಕೆಂಪು ಬಸ್ಸು ಹತ್ತಿದರು. ಹತ್ತಿದವರು ಇಳಿದದ್ದು ರಿಟೈರಾದಾಗಲೇ. ಕಡೂರು, ಬೀರೂರು, ತರೀಕೆರೆ, ನಡುನಡುವೆ ಅಜ್ಜಂಪುರದ ಡ್ಯೂಟಿ, ಇಷ್ಟೇ ಅವರ ಲೋಕ. ಅಜ್ಜಂಪುರದ ಡ್ಯೂಟಿಯಲ್ಲಿದ್ದಾಗಲೇ ಅಲ್ಲಿನ ಜಹೀರುನ್ನೀಸಾ ಅವರನ್ನು ಮದುವೆಯಾಗಿದ್ದು.

ಬೀರೂರು ದಾಟಿ ಸ್ವಲ್ಪ ಮುಂದೆ ಹೋದರೆ ಮುತ್ತುಗದಕಟ್ಟೆ. ವಾರಕ್ಕೊಮ್ಮೆ ಸಂತೆ ಸೇರುವ ದೊಡ್ಡ ಊರು. ಹಿದಾಯತುಲ್ಲಾ ಮನೆ ಕಟ್ಟಿಕೊಂಡು ನೆಲೆನಿಂತದ್ದು ಅಲ್ಲೇ. ಊರಿನ ಬಾಗಿಲಿಗೆ ಬರುತ್ತಲೇ ರಸ್ತೆ ಗಕ್ಕನೆ ಬಲಕ್ಕೆ ತಿರುಗಿ, ಮತ್ತೆ ಗಕ್ಕನೆ ಎಡಕ್ಕೆ ಹೊರಳುತ್ತಿತ್ತು. ನೆಟ್ಟಗೆ ಹೋಗಲು ದಾರಿಯಿರಲಿಲ್ಲ. ಮೊದಲು ಚೌಡಮ್ಮನ ಗುಡಿ, ಅದರ ಪಕ್ಕಕ್ಕೆ ಸರ್ಕಾರಿ ಶಾಲೆ, ಶಾಲೆಯ ಕಾಂಪೌಂಡಿಗೆ ಅಂಟಿಕೊಂಡು ಮುಸಲ್ಮಾನರ ಖಬರಸ್ತಾನ. ಮೂರೂ ಒಂದೇ ಸಾಲಿನಲ್ಲಿ ಕೂತಿದ್ದವು. ರಸ್ತೆ ಅವುಗಳನ್ನು ಬಳಸಿಕೊಂಡು ಹೋಗಬೇಕಿತ್ತು.

ಆ ತಿರುವನ್ನು ಹಿದಾಯತುಲ್ಲಾ ಬೈಯದ ದಿನವಿರಲಿಲ್ಲ. ಒಮ್ಮೆ ತೆಂಗಿನಕಾಯಿ ತುಂಬಿದ ಲಾರಿಯೊಂದು ಎದುರಿನಿಂದ ಅಡ್ಡಾದಿಡ್ಡಿ ಬಂದಾಗ ಅವರು ಬಸ್ಸನ್ನು ರಾಗಿ ಹೊಲಕ್ಕೇ ಇಳಿಸಿಬಿಟ್ಟಿದ್ದರು. ಬಸ್ಸಿನಲ್ಲಿದ್ದ ಒಬ್ಬರಿಗೂ ಪ್ರಾಣಕ್ಕೆ ಅಪಾಯವಾಗಲಿಲ್ಲ. ಮುಂದಿನ ಸೀಟಿನಲ್ಲಿದ್ದ ಈರಭದ್ರಪ್ಪನವರ ಹಣೆ ಮಾತ್ರ ಒಡೆದಿತ್ತು. ಅವರು ಚೌಡಮ್ಮನ ಗುಡಿ ಸಮಿತಿಯ ಯಜಮಾನರು, ಕೊಬ್ಬರಿ ವ್ಯಾಪಾರಸ್ಥರು. ರಕ್ತ ಒರೆಸಿಕೊಳ್ಳುತ್ತಲೇ, "ಚೌಡಮ್ಮ ಕಾಪಾಡಿದ್ಲು ಕಣ್ರೀ ಸಾಬ್ರೇ" ಎಂದಿದ್ದರು.

"ಬ್ರೇಕೂ ಒಂದ್ ಚೂರು ಕಾಪಾಡ್ತು ಯಜಮಾನ್ರೇ" ಎಂದಿದ್ದರು ಹಿದಾಯತುಲ್ಲಾ.

ಅವರಿಬ್ಬರ ಸ್ನೇಹ ಶುರುವಾದದ್ದು ಹೀಗೆ.

ತಿರುವಿನಲ್ಲಿ ಅವರು ಬಸ್ಸು ನಿಧಾನ ಮಾಡುವುದಕ್ಕೆ ಇನ್ನೂ ಒಂದು ಕಾರಣವಿತ್ತು. ಅದು ಜಹೀರುನ್ನೀಸಾ ಒಬ್ಬರಿಗೇ ಗೊತ್ತಿತ್ತು. ಅವರ ಮೊದಲ ಮಗು ಮುಬಶೀರ್ ಕಣ್ಣು ಬಿಟ್ಟು ತಾಯಿಯ ಮುಖ ಗುರುತು ಹಿಡಿಯುವಷ್ಟರಲ್ಲೇ ಜ್ವರ ಬಂದು ತೀರಿಹೋಗಿತ್ತು. ಮಣ್ಣು ಮಾಡಿದ್ದು ಆ ಖಬರಸ್ತಾನದ ಮೂಲೆಯಲ್ಲಿ, ಶಾಲೆಯ ಗೋಡೆಯ ಪಕ್ಕ. ಆಮೇಲೆ ಶಿರೀನ್ ತಾಜ್ ಹುಟ್ಟಿ, ಬೆಳೆದು, ಕಡೂರಿಗೆ ಮದುವೆಯಾಗಿ ಹೋದಳು, ಮನೆ ಮತ್ತೆ ನಗು ಕಂಡಿತು. ಆದರೂ ಗಂಡನ ಬಸ್ಸಿನಲ್ಲಿ ತವರಿಗೆ ಹೊರಟಾಗಲೆಲ್ಲ ಜಹೀರುನ್ನೀಸಾ ಕಿಟಕಿಯಿಂದ ಆ ಮೂಲೆಯನ್ನೇ ನೋಡುತ್ತಿದ್ದರು. ಅವರು ನೋಡಿ ಮುಗಿಸುವವರೆಗೆ ಹಿದಾಯತುಲ್ಲಾ ಗೇರು ಬದಲಿಸುತ್ತಿರಲಿಲ್ಲ.

ರಿಟೈರಾದ ಮೇಲೆ ಜಮಾತಿನವರು ಖಬರಸ್ತಾನದ ಉಸ್ತುವಾರಿಯನ್ನು ಅವರಿಗೇ ವಹಿಸಿದರು. ಜಾಲಿ ಕಡಿಸುವುದು, ಬಿದ್ದ ಗೋಡೆ ಎತ್ತಿಸುವುದು, ಗೇಟಿಗೆ ಬೀಗ ಹಾಕುವುದು ಅವರ ಕೆಲಸವಾಯಿತು. ಹೀಗಿರುವಾಗ ಒಂದು ದಿನ ಹೆದ್ದಾರಿ ನಾಲ್ಕು ಪಥವಾಗುತ್ತದೆ, ಮುತ್ತುಗದಕಟ್ಟೆಯ ತಿರುವು ಹೋಗುತ್ತದೆ ಎಂಬ ಸುದ್ದಿ ಬಂತು. ಹಿದಾಯತುಲ್ಲಾ ಬಸ್‌ಸ್ಟಾಪಿನ ಹೋಟೆಲಿನಲ್ಲಿದ್ದವರಿಗೆಲ್ಲ ಜಿಲೇಬಿ ಕೊಡಿಸಿದರು.

ತಿರುವು ಹೇಗೆ ಹೋಗುತ್ತದೆ ಎಂದು ಅವರಾಗಲಿ, ಜಿಲೇಬಿ ತಿಂದವರಾಗಲಿ ಯೋಚಿಸಿರಲಿಲ್ಲ.

ಅದು ತಿಳಿದದ್ದು ಸರ್ವೆಯವರು ಬಂದಾಗ. ಗುಡಿಯ ಮೆಟ್ಟಿಲಿಗೆ ಕೆಂಪು ಬಣ್ಣದ ಗುರುತು ಬಿತ್ತು, ಶಾಲೆಯ ಅಡುಗೆಕೋಣೆಯ ಗೋಡೆಗೂ ಬಿತ್ತು. ಹಿದಾಯತುಲ್ಲಾ ಓಡೋಡಿ ಖಬರಸ್ತಾನಕ್ಕೆ ಬಂದು ನೋಡಿದರೆ ನಡುಮಧ್ಯದಲ್ಲಿ ಸಿಮೆಂಟಿನ ಗುರುತುಕಲ್ಲು. ಅಲ್ಲಿಂದ ಶಾಲೆ, ಗುಡಿಗಳ ಕಡೆ ಕಣ್ಣು ಹಾಯಿಸಿದರು. ಗೆರೆ ಬಾಣ ಬಿಟ್ಟ ಹಾಗೆ ನೆಟ್ಟಗಿತ್ತು. ಡ್ರೈವರ್ ಆದವನು ಕನಸು ಕಾಣುವಂಥ ರಸ್ತೆ. ಅವರು ಗೋಡೆ ಹಿಡಿದು ಕೂತರು.

ಮರುದಿನ ಹೋಟೆಲಿನಲ್ಲಿ ಯಾರೋ ಅಂದೇಬಿಟ್ಟರು. "ಏನ್ ಸಾಬ್ರೇ, ತಿರುವು ತೆಗೀರಿ ತೆಗೀರಿ ಅಂತ ಬಡ್ಕತಿದ್ರಲ್ಲ. ತೆಗೀತಾವ್ರೆ ನೋಡಿ!"

ತಮಾಷೆಗೆ ಅಂದ ಮಾತೇ. ಆದರೆ ಹಿದಾಯತುಲ್ಲಾ ಟೀ ಕುಡಿಯದೆ ಎದ್ದು ಬಂದರು.

ಪತ್ರಿಕೆಯಲ್ಲಿ ಪ್ರಕಟಣೆ ಬಂತು. ಆಕ್ಷೇಪಣೆ ಇದ್ದವರು ಸಲ್ಲಿಸಬಹುದು ಎಂದಿತ್ತು. ಗುಡಿಯವರು, ಜಮಾತಿನವರು, ಶಾಲಾಭಿವೃದ್ಧಿ ಸಮಿತಿಯವರು ಬೇರೆಬೇರೆಯಾಗಿ ಬರೆದುಕೊಟ್ಟರು. ವಿಚಾರಣೆಗೆ ಕರೆದ ಅಧಿಕಾರಿ ಒಳ್ಳೆಯ ಮಾತಿನವರು. ಎಲ್ಲರನ್ನೂ ಕೂರಿಸಿ, ನೀರು ಕೊಡಿಸಿ, "ಗುಡಿ ಬೇರೆ ಕಡೆ ಕಟ್ಟಿಸಿಕೊಳ್ಳಬಹುದು, ಶಾಲೆಗೆ ಹೊಸ ಕಟ್ಟಡ ಬರುತ್ತೆ, ಗೋರಿಗಳನ್ನೂ ಗೌರವದಿಂದ ಸ್ಥಳಾಂತರ ಮಾಡಬಹುದು" ಎಂದರು. ಕೆಲವು ವಾರಗಳಾದ ಮೇಲೆ ಉತ್ತರ ಬಂತು. ಸಾರ್ವಜನಿಕ ಹಿತದೃಷ್ಟಿಯಿಂದ ಆಕ್ಷೇಪಣೆಗಳನ್ನು ತಿರಸ್ಕರಿಸಲಾಗಿದೆ.

ಆ ಉತ್ತರವನ್ನು ಹಿದಾಯತುಲ್ಲಾ ಮನೆಯಲ್ಲಿ ಓದಿ ಹೇಳಿದಾಗ ಜಹೀರುನ್ನೀಸಾ ಬಟ್ಟೆ ಮಡಿಸುತ್ತಿದ್ದರು. "ಸ್ಥಳಾಂತರ ಅಂದರೆ?" ಎಂದು ಕೇಳಿದರು.

"ತೆಗೆದು ಬೇರೆ ಕಡೆ ಇಡೋದು."

"ಏನನ್ನ ತೆಗೀತಾರೆ? ನನ್ನ ಮಗುವಿನದು ಅಲ್ಲಿ ಏನು ಉಳಿದಿದೆ ತೆಗೆಯೋಕೆ? ಮಣ್ಣು ಮಾತ್ರ ತಾನೇ ಇರೋದು?"

ಇಷ್ಟು ವರ್ಷಗಳಲ್ಲಿ ಅವರು ಆ ಮಗುವಿನ ಬಗ್ಗೆ ಬಾಯಿಬಿಟ್ಟು ಆಡಿದ ಮಾತುಗಳು ಬಹಳ ಕಡಿಮೆ. ಕೋರ್ಟಿಗೆ ಹೋಗಲೇಬೇಕು ಎಂದು ಹಿದಾಯತುಲ್ಲಾ ಗಟ್ಟಿ ಮನಸ್ಸು ಮಾಡಿದ್ದು ಆ ಗಳಿಗೆಯಲ್ಲೇ.

ಅಷ್ಟರಲ್ಲಿ ಇನ್ನೊಂದು ಸುದ್ದಿ ಕಿವಿಗೆ ಬಿತ್ತು. ಗುಡಿಯವರು ತಾವೊಬ್ಬರೇ ಹೈಕೋರ್ಟಿಗೆ ಹೋಗುತ್ತಿದ್ದಾರಂತೆ. ಗುಡಿ ಸಾಲಿನ ತುದಿಯಲ್ಲಿದೆ, ಗೆರೆಯನ್ನು ಕೊಂಚ ಈಚೆಗೆ ಎಳೆದರೆ ಅದು ಉಳಿಯುತ್ತದಂತೆ. ಈಚೆಗೆ ಎಂದರೆ ಶಾಲೆ ಪೂರಾ ಹೋಗುತ್ತದೆ, ಖಬರಸ್ತಾನವೂ ಪೂರಾ ಹೋಗುತ್ತದೆ. ಹಿದಾಯತುಲ್ಲಾಗೆ ಸಿಟ್ಟು ಬಂತು. ಆದರೆ ಬಂದ ಸಿಟ್ಟನ್ನು ಹಾಗೇ ನುಂಗಿಕೊಂಡರು. ಹಿಂದಿನ ಶುಕ್ರವಾರವಷ್ಟೇ ಅವರ ಜಮಾತಿನಲ್ಲೂ ಒಬ್ಬರು, "ನಮ್ಮದು ನಾವು ನೋಡ್ಕೊಳ್ಳೋಣ, ಗೆರೆ ಆ ಕಡೆ ಸರಿಸಲಿ" ಎಂದಿದ್ದರು. ಅದನ್ನು ಕೇಳಿಸಿಕೊಂಡು ಹಿದಾಯತುಲ್ಲಾ ತುಟಿ ಬಿಚ್ಚಿರಲಿಲ್ಲ.

ಈರಭದ್ರಪ್ಪನವರನ್ನು ಹುಡುಕಿಕೊಂಡು ಅವರ ಕೊಬ್ಬರಿ ಶೆಡ್ಡಿಗೆ ಹೋದರು.

"ನೀವೊಬ್ರೇ ಕೇಸ್ ಹಾಕ್ತಿದ್ದೀರಂತೆ, ನಿಜಾನಾ ಯಜಮಾನ್ರೇ?"

ಈರಭದ್ರಪ್ಪನವರು ತಲೆ ಎತ್ತಲಿಲ್ಲ. "ಅಳಿಯ ಹೇಳ್ತಾನೆ. ಗುಡಿದೊಂದೇ ಆದ್ರೆ ಬೇಗ ಆಗ್ತದಂತೆ. ಗೆರೆ ಒಂದಿಷ್ಟು ಸರಿಸ್ತಾರಂತೆ."

"ಯಾವ್ ಕಡೆಗೆ?"

ಈರಭದ್ರಪ್ಪನವರು ಕೊಬ್ಬರಿ ಚೀಲದ ಬಾಯಿ ಕಟ್ಟುತ್ತಾ ಕೂತರು. ಆಳುಗಳು ಕೈ ನಿಲ್ಲಿಸಿ ನೋಡತೊಡಗಿದರು.

ಅಷ್ಟು ಹೊತ್ತಿಗೆ ಹುಲಿಗೆಮ್ಮ ಬಂದಳು. ಸಂತೆಯಲ್ಲಿ ಸೊಪ್ಪು ಮಾರುವ ಹೆಂಗಸು. ಮಕ್ಕಳು ಅದೇ ಶಾಲೆಯಲ್ಲಿ ಓದುತ್ತಿದ್ದರಿಂದ ಶಾಲಾಭಿವೃದ್ಧಿ ಸಮಿತಿಗೆ ಅಧ್ಯಕ್ಷೆಯಾಗಿದ್ದವಳು. ಅವಳ ಕಿವಿಗೂ ಸುದ್ದಿ ಬಿದ್ದಿತ್ತು. ಬಂದವಳೇ ಇಬ್ಬರನ್ನೂ ತರಾಟೆಗೆ ತೆಗೆದುಕೊಂಡಳು.

"ಅಣ್ಣಾ, ನಿಮ್ ಗುಡಿಗೂ ಡ್ರೈವ್ರಣ್ಣನ ಗೋರಿಗೂ ಮಧ್ಯೆ ನನ್ ಮಕ್ಳು ಕೂತ್ಕಂಡು ಮಗ್ಗಿ ಹೇಳ್ತವೆ. ಗೆರೆ ಆ ಕಡೆ ಸರಿದ್ರೂ ಅವುಗಳ ತಲೆ ಮೇಲೆ, ಈ ಕಡೆ ಸರಿದ್ರೂ ಅವುಗಳ ತಲೆ ಮೇಲೆ. ಮೇಷ್ಟ್ರುಗಳು ಸರ್ಕಾರಿ ನೌಕರ್ರು, ಅವ್ರು ಕೇಸ್ ಹಾಕಂಗಿಲ್ಲ. ನನಗೆ ಸಹಿ ಬಿಟ್ರೆ ಇಂಗ್ಲಿಷ್ ಒಂದಕ್ಷರ ಬರಲ್ಲ. ನೀವಿಬ್ರೂ ನಿಮ್ ನಿಮ್ದು ನೋಡ್ಕಂಡ್ರೆ ನಾನ್ ಯಾರ್ ಹತ್ರ ಹೋಗ್ಲಿ?"

ಈರಭದ್ರಪ್ಪನವರು, "ನನ್ ಮೊಮ್ಮಗ್ಳು ಅನುಷಾನೂ ಅಲ್ಲೇ ಓದ್ತಾಳೆ ಕಣಮ್ಮ" ಎಂದರು. ಅಷ್ಟು ಹೇಳಿ ಎದ್ದು ತಕ್ಕಡಿಯ ಕಡೆ ಹೋದರು. ಹಿದಾಯತುಲ್ಲಾ ಭಾರವಾದ ಮನಸ್ಸಿನಿಂದ ಮನೆಗೆ ಬಂದರು.

ಮಂಗಳವಾರದ ಪೂಜೆ ಮುಗಿಸಿ, ಹಣೆಯ ಕುಂಕುಮ ಇನ್ನೂ ಹಸಿಯಾಗಿರುವಾಗಲೇ ಈರಭದ್ರಪ್ಪನವರು ಹಿದಾಯತುಲ್ಲಾ ಅವರ ಮನೆಯ ಜಗಲಿಗೆ ಬಂದು ಕೂತರು.

"ಗುಡಿ ಒಂದೇ ಉಳಿಸ್ಕಂಡು ಏನ್ ಮಾಡ್ಲಿ ಸಾಬ್ರೇ? ಮಂಗಳಾರತಿ ಮಾಡಿ ಹೊರಗ್ ಬಂದ್ರೆ ಪಕ್ಕದಲ್ಲೇ ಮಕ್ಳು ಕಾಣ್ತವೆ. ಇವತ್ತು ಅವನ್ನ ನೋಡ್ತಾ ನಿಂತಿದ್ದೆ. ಮನಸ್ಸು ತಡೀಲಿಲ್ಲ. ಅಳಿಯನಿಗೆ ಹೇಳ್ಬಿಟ್ಟೆ, ನಿನ್ನ ಉಪಾಯ ನಿನ್ನ ಹತ್ರಾನೇ ಇರ್ಲಿ ಅಂತ. ನಾಳೆ ಕಡೂರಿಗೆ ಹೋಗಾಣ, ಲಾಯರ್ ಚಂದ್ರಕುಮಾರ್ ಹತ್ರ. ಮೂವರೂ ಒಟ್ಟಿಗೆ ಹೋಗಾಣ."

ಹಿದಾಯತುಲ್ಲಾ ಈರಭದ್ರಪ್ಪನವರ ಕೈ ಹಿಡಿದುಕೊಂಡರು. "ನಮ್ಮೋರೂ ಹಂಗೇ ಅಂದಿದ್ರು ಯಜಮಾನ್ರೇ. ನಾನು ಬೇಡ ಅನ್ಲಿಲ್ಲ" ಎಂದರು. ಜಹೀರುನ್ನೀಸಾ ಒಳಗಿನಿಂದ ಟೀ ಕಳಿಸಿದರು. ಈರಭದ್ರಪ್ಪನವರು ಕುಡಿದು, ಇನ್ನರ್ಧ ಲೋಟ ಕೇಳಿದರು.

ಚಂದ್ರಕುಮಾರ್ ಕಡೂರಿನ ಕೋರ್ಟಿನಲ್ಲಿ ವಕೀಲರು. ಹೈಕೋರ್ಟಿನ ಕೇಸುಗಳಿಗೂ ಹೋಗಿಬರುತ್ತಿದ್ದರು. ಮೂವರ ಮಾತನ್ನೂ ಕೇಳಿ, "ರಸ್ತೆ ಬೇಡ ಅಂತ ಕೇಳಿದರೆ ನಿಲ್ಲೋದಿಲ್ಲ. ಊರ ಪಶ್ಚಿಮಕ್ಕೆ ಗೋಮಾಳ ಇದೆ, ಆ ಕಡೆಯಿಂದ ಹೋಗಬಹುದಾ ಅಂತ ಇವರು ನೋಡೇ ಇಲ್ಲ, ಆಕ್ಷೇಪಣೆಗೆ ಕಾರಣ ಕೊಟ್ಟೇ ಇಲ್ಲ ಅಂತ ಕೇಳೋಣ" ಎಂದರು. ಒಂದೇ ಅರ್ಜಿ, ಅರ್ಜಿದಾರರು ಮೂವರು. ಮೊದಲ ಹೆಸರು ಹುಲಿಗೆಮ್ಮನದು.

ವಿಚಾರಣೆಯ ದಿನ ಬೀರೂರಿನಲ್ಲಿ ರೈಲು ಹತ್ತಿ ಬೆಂಗಳೂರಿಗೆ ಹೋದರು. ಹುಲಿಗೆಮ್ಮ ಎಲ್ಲರಿಗೂ ಸಾಕಾಗುವಷ್ಟು ಚಿತ್ರಾನ್ನ ಕಟ್ಟಿಕೊಂಡು ಬಂದಿದ್ದಳು. ರೈಲಿನಲ್ಲಿ ಮೂವರೂ ಮದುವೆಗೆ ಹೊರಟವರ ಹಾಗೆ ಮಾತಾಡುತ್ತಲೇ ಇದ್ದರು. ಕೋರ್ಟಿನ ಕೆಂಪು ಕಟ್ಟಡ ಕಂಡ ಮೇಲೆ ಮಾತು ನಿಂತಿತು.

ಒಳಗೆ ನಡೆದ ಮಾತೆಲ್ಲ ಇಂಗ್ಲಿಷು. ಚಂದ್ರಕುಮಾರ್ ಎದ್ದರು, ಮಾತಾಡಿದರು. ಹೆದ್ದಾರಿಯವರ ವಕೀಲರು ಎದ್ದರು, ಅವರೂ ಮಾತಾಡಿದರು. ನಡುವೆ ಅವರು ಹಿಂದೆ ತಿರುಗಿ ಈ ಮೂವರತ್ತ ಕೈ ತೋರಿಸಿ ಏನೋ ಅಂದರು. ಪಕ್ಕದಲ್ಲಿದ್ದ ಯಾರೋ ಕನ್ನಡದಲ್ಲಿ ಪಿಸುಗುಟ್ಟಿದರು. "ಇವರಿಗೆ ಅಭಿವೃದ್ಧಿಯೇ ಬೇಡ, ರಸ್ತೇನೇ ಬೇಡ ಅಂತ ಬಂದಿದ್ದಾರೆ ಅಂತಿದ್ದಾರೆ."

ಹಿದಾಯತುಲ್ಲಾಗೆ ಮೈಯೆಲ್ಲ ಉರಿದುಹೋಯಿತು. ಆ ರಸ್ತೆಗಾಗಿ ಅವರು ಬರೆಸದ ಅರ್ಜಿಯಿರಲಿಲ್ಲ, ಬೈಯದ ಅಧಿಕಾರಿಯಿರಲಿಲ್ಲ. ಆ ತಿರುವಿನಲ್ಲಿ ಬಿದ್ದ ಎಷ್ಟೋ ಜನರನ್ನು ಅವರೇ ಎತ್ತಿ ಬಸ್ಸಿಗೆ ಹಾಕಿಕೊಂಡು ಆಸ್ಪತ್ರೆಗೆ ಸೇರಿಸಿದ್ದರು. ಎಲ್ಲಿದ್ದೇನೆ ಎಂಬುದೂ ಮರೆತು ಎದ್ದು ನಿಂತರು.

"ಸ್ವಾಮಿ! ರಸ್ತೆ ಬೇಕು ಸ್ವಾಮಿ! ಬೇಕೇ ಬೇಕು!"

ಇನ್ನೂ ಹೇಳುವುದು ಎಷ್ಟೋ ಇತ್ತು. ಗುಡಿ, ಶಾಲೆ, ಗೋರಿ, ಗೋಮಾಳ, ಎಲ್ಲವೂ ನಾಲಿಗೆಯ ತುದಿಗೆ ಬಂದಿದ್ದವು. ಆದರೆ ನ್ಯಾಯಮೂರ್ತಿಗಳು ಕನ್ನಡಕದ ಮೇಲಿಂದ ನೆಟ್ಟ ನೋಟದಲ್ಲಿ ನೋಡಿದ ಕೂಡಲೇ ಮುಂದಿನ ಮಾತೊಂದೂ ಹೊರಡಲಿಲ್ಲ. ಹುಲಿಗೆಮ್ಮ ಅವರ ಅಂಗಿ ಹಿಡಿದು ಎಳೆದು ಕೂರಿಸಿದಳು. ಎದುರಿನ ವಕೀಲರು ನಗುತ್ತಾ ಕೈ ಚಾಚಿ ಏನೋ ಅಂದರು. ಅದಕ್ಕೆ ಅನುವಾದ ಬೇಕಿರಲಿಲ್ಲ. ನೋಡಿ ಸ್ವಾಮಿ, ಅರ್ಜಿದಾರರೇ ರಸ್ತೆ ಬೇಕು ಅನ್ನುತ್ತಿದ್ದಾರೆ! ಚಂದ್ರಕುಮಾರ್ ಬೆವರು ಒರೆಸಿಕೊಂಡರು. ಆದೇಶ ಆಮೇಲೆ ಎಂದಾಯಿತು.

ವಾಪಸು ಬರುವಾಗ ರೈಲಿನಲ್ಲಿ ಯಾರೂ ಹಿದಾಯತುಲ್ಲಾರನ್ನು ಬೈಯಲಿಲ್ಲ. ಬೈದಿದ್ದರೆ ಚೆನ್ನಾಗಿತ್ತು. ಈರಭದ್ರಪ್ಪನವರು ಕಣ್ಣು ಮುಚ್ಚಿ ಕೂತಿದ್ದರು. ಹುಲಿಗೆಮ್ಮ ಮಿಕ್ಕ ಚಿತ್ರಾನ್ನ ಬಡಿಸಿ, "ತಿನ್ನಣ್ಣ, ಆದದ್ದಾಯ್ತು" ಎಂದಳು. ಆ ಮಾತೇ ಅವರನ್ನು ಇನ್ನಷ್ಟು ಚುಚ್ಚಿತು.

ಮನೆಗೆ ಬಂದು ಹೆಂಡತಿಗೆ ಹೇಳಿದರು. "ಎಲ್ಲ ನಾನೇ ಹಾಳು ಮಾಡ್ಬಿಟ್ಟೆ."

ಜಹೀರುನ್ನೀಸಾ ಪೂರ್ತಿ ಕೇಳಿಸಿಕೊಂಡು, "ಸುಳ್ಳೇನೂ ಹೇಳಿಲ್ವಲ್ಲ" ಎಂದರು, ಅಷ್ಟೇ.

ಆಮೇಲಿನ ದಿನಗಳಲ್ಲಿ ಹಿದಾಯತುಲ್ಲಾ ಹೋಟೆಲಿನ ಕಡೆ ತಲೆ ಹಾಕಲಿಲ್ಲ. ಖಬರಸ್ತಾನಕ್ಕೆ ಹೋಗಿ ಇದ್ದಬದ್ದ ಕಳೆಯೆಲ್ಲ ಕಿತ್ತರು. ಕಿತ್ತ ಜಾಗವನ್ನೇ ಮತ್ತೆ ಗುಡಿಸಿದರು. ಗೋಡೆಯಾಚೆ ಮಕ್ಕಳು ಪ್ರಾರ್ಥನೆ ಹೇಳುವುದು ಕೇಳುತ್ತಿತ್ತು. ಈ ಮಕ್ಕಳ ಶಾಲೆಯೂ ತನ್ನ ಬಾಯಿಂದಲೇ ಹೋಯಿತಲ್ಲ ಎಂದುಕೊಂಡು ಮತ್ತೆ ಪೊರಕೆ ಹಿಡಿಯುತ್ತಿದ್ದರು.

ಒಂದು ಸಂಜೆ ಚಂದ್ರಕುಮಾರ್ ಫೋನು ಮಾಡದೆ ಸ್ವತಃ ಬೈಕಿನಲ್ಲಿ ಬಂದರು. ಈರಭದ್ರಪ್ಪನವರನ್ನೂ ಹುಲಿಗೆಮ್ಮನನ್ನೂ ಅಲ್ಲಿಗೇ ಕರೆಸಿದರು. ಹಿದಾಯತುಲ್ಲಾ ವಕೀಲರ ಮುಖ ನೋಡುವ ಧೈರ್ಯವಿಲ್ಲದೆ ಬೈಕಿನ ಚಕ್ರವನ್ನೇ ನೋಡುತ್ತಾ ನಿಂತರು.

"ಸಾಬ್ರೇ, ಅವತ್ತು ನೀವು ಎದ್ದು ಕೂಗಿದ್ದು ಆದೇಶದಲ್ಲಿ ಬಂದಿದೆ" ಎಂದರು ಚಂದ್ರಕುಮಾರ್.

"ತಪ್ಪಾಯ್ತು ಸಾರ್..."

"ಪೂರ್ತಿ ಕೇಳಿ. ಅರ್ಜಿದಾರರು ರಸ್ತೆಯ ವಿರೋಧಿಗಳಲ್ಲ, ಅವರಲ್ಲೊಬ್ಬರು ಎದ್ದು ನಿಂತು ರಸ್ತೆ ಬೇಕೆಂದೇ ಹೇಳಿದ್ದಾರೆ, ಹೀಗಿರುವಾಗ ಅವರ ಆಕ್ಷೇಪಣೆಯನ್ನು ಅಭಿವೃದ್ಧಿಗೆ ಅಡ್ಡಿ ಅಂತ ತಳ್ಳಿಹಾಕೋದು ಸರಿಯಲ್ಲ ಅಂದಿದ್ದಾರೆ. ಗೋಮಾಳದ ಕಡೆಯಿಂದ ಹೋಗಬಹುದಾ ಅಂತ ತಜ್ಞರು ಬಂದು ನಿಮ್ಮ ಸಮ್ಮುಖದಲ್ಲೇ ನೋಡಬೇಕು. ಅಲ್ಲಿವರೆಗೂ ಗುಡಿ, ಶಾಲೆ, ಖಬರಸ್ತಾನ ಮೂರನ್ನೂ ಯಾರೂ ಮುಟ್ಟೋ ಹಾಗಿಲ್ಲ."

ಹುಲಿಗೆಮ್ಮ "ಅವ್ವಾ ಚೌಡಮ್ಮಾ" ಎಂದು ಜಗಲಿಯ ಮೇಲೆ ಕೂತುಬಿಟ್ಟಳು. ಈರಭದ್ರಪ್ಪನವರು ಹಿದಾಯತುಲ್ಲಾ ಅವರ ಬೆನ್ನಿಗೆ ಎಂಥ ಗುದ್ದು ಕೊಟ್ಟರೆಂದರೆ ಅವರು ಮುಗ್ಗರಿಸಿ ಬೈಕು ಹಿಡಿದುಕೊಂಡರು. "ಯೋ ಸಾಬ್ರೇ! ಇಷ್ಟು ದಿನ ಮುಖ ಇಳಿಬಿಟ್ಕಂಡು ನಮ್ಮನ್ನೂ ಸಾಯ್ಸಿದ್ರಲ್ಲಪ್ಪಾ!"

ತಜ್ಞರು ಬಂದರು. ಊರೇ ಹಿಂದೆ ನಡೆಯಿತು. ಗೋಮಾಳ ಕಲ್ಲುನೆಲ, ಒಂದು ಹಳ್ಳಕ್ಕೆ ಸೇತುವೆ ಕಟ್ಟಬೇಕಿತ್ತು, ದಾರಿ ತುಸು ಸುತ್ತಾಗುತ್ತಿತ್ತು. ಕುರಿ ಮೇಯಿಸುವವರು ತಮ್ಮ ಕಷ್ಟ ಹೇಳಿಕೊಂಡರು. ಅವರಿಗಾಗಿ ರಸ್ತೆಯ ಕೆಳಗೆ ದಾರಿ ಬಿಡಬೇಕೆಂದು ಹಿದಾಯತುಲ್ಲಾ, ಈರಭದ್ರಪ್ಪ ಇಬ್ಬರೂ ಪಟ್ಟು ಹಿಡಿದರು. ತಿಂಗಳುಗಳು ಉರುಳಿದವು, ಒಂದು ಬೇಸಿಗೆ ಕಳೆಯಿತು. ಕೊನೆಗೆ ಹೆದ್ದಾರಿಯವರೇ ಗೆರೆ ಬದಲಿಸಿದರು. ಕುರಿಗಳಿಗೂ ದಾರಿ ಸಿಕ್ಕಿತು. ಸುದ್ದಿ ತಿಳಿದ ದಿನ ಹಿದಾಯತುಲ್ಲಾ ಮನೆಗೆ ಬಂದಾಗ ಜಹೀರುನ್ನೀಸಾ ಮೊರದಲ್ಲಿ ಅಕ್ಕಿ ಹಸನು ಮಾಡುತ್ತಿದ್ದರು.

"ಮುಟ್ಟೋದಿಲ್ವಂತೆ" ಎಂದರು ಹಿದಾಯತುಲ್ಲಾ.

ಜಹೀರುನ್ನೀಸಾ ಅವರ ಬೆರಳು ನಿಂತಿತು. "ಆ ಮೂಲೇನೂ?"

"ಆ ಮೂಲೇನೂ. ಒಂದು ಹಿಡಿ ಮಣ್ಣೂ ತೆಗೆಯೋದಿಲ್ಲ."

ಅವರು ಸೆರಗಿನಿಂದ ಕಣ್ಣೊತ್ತಿಕೊಂಡು, ಮೊರವನ್ನು ಪಕ್ಕಕ್ಕೆ ಸರಿಸಿದರು. ಆಮೇಲೆ, "ಈರಭದ್ರಪ್ಪನೋರು ನಮ್ಮನೇಲಿ ಊಟ ಮಾಡಲ್ಲ. ಒಳ್ಳೆ ಬಾಳೆಹಣ್ಣು ಒಂದು ಗೊನೇನೇ ಕಳಿಸಿ. ಹುಲಿಗೆಮ್ಮನಿಗೆ ನಾನೇ ಹೋಗಿ ಸೀರೆ ಕೊಟ್ಟು ಬತ್ತೀನಿ" ಎಂದರು.

ಹೊಸ ರಸ್ತೆಯಿಂದ ಊರಿಗೆ ನಷ್ಟವಾಗಲಿಲ್ಲ ಎಂದಲ್ಲ. ಎಕ್ಸ್‌ಪ್ರೆಸ್ ಬಸ್ಸುಗಳು ಊರೊಳಗೆ ಬರುವುದು ನಿಂತವು. ಬಸ್‌ಸ್ಟಾಪಿನ ಹೋಟೆಲಿನಲ್ಲಿ ವ್ಯಾಪಾರ ಇಳಿಯಿತು. ಹೋಟೆಲಿನವನು ಕೆಲವು ದಿನ ಗೊಣಗಿ, ಆಮೇಲೆ ಹೆದ್ದಾರಿಯ ಕ್ರಾಸಿನಲ್ಲಿ ತಗಡಿನ ಚಪ್ಪರ ಹಾಕಿಕೊಂಡ. ಹಳೆಯ ತಿರುವಿನಲ್ಲಿ ಈಗ ಸೈಕಲ್ಲು, ಟ್ರ್ಯಾಕ್ಟರು, ಶಾಲೆಯ ಮಕ್ಕಳು ಅಷ್ಟೇ.

ರಸ್ತೆ ತೆರೆದ ಮೇಲೆ ತರೀಕೆರೆಯಲ್ಲಿ ನೆಂಟರ ಮನೆಯ ಮದುವೆಗೆಂದು ಗಂಡ ಹೆಂಡತಿ ಕ್ರಾಸಿನಲ್ಲಿ ಬಸ್ಸು ಹತ್ತಿದರು. ಹಿದಾಯತುಲ್ಲಾಗೆ ಒಂದು ಅಭ್ಯಾಸವಿತ್ತು. ಬೇರೆಯವರು ಓಡಿಸುವ ಬಸ್ಸಿನಲ್ಲಿ ಅವರು ಎಂದೂ ನೆಮ್ಮದಿಯಾಗಿ ಕೂತವರಲ್ಲ. ತಾವೇ ಬ್ರೇಕು ಒತ್ತಿದ ಹಾಗೆ ಕಾಲು ಒತ್ತುತ್ತಾ, ಎದುರಿನ ಲಾರಿ ಕಂಡರೆ ಸರಳು ಹಿಡಿಯುತ್ತಾ ಕೂತಿರುತ್ತಿದ್ದರು. ಅಂದು ಬಸ್ಸು ಸೇತುವೆ ದಾಟಿತು. ರಸ್ತೆ ಹಾಸಿದ ಚಾಪೆಯ ಹಾಗೆ ನುಣ್ಣಗಿತ್ತು. ಕಿಟಕಿಯಿಂದ ತಣ್ಣನೆ ಗಾಳಿ ಬರುತ್ತಿತ್ತು. ದೂರದಲ್ಲಿ ಬಿಳಿ ಸುಣ್ಣದ ಗುಡಿ, ಅದರ ಪಕ್ಕ ಶಾಲೆಯ ಹೆಂಚು, ಆಮೇಲೆ ಗೋಡೆ, ಎಲ್ಲವೂ ಇದ್ದ ಹಾಗೇ ಇದ್ದವು. ಅವನ್ನು ನೋಡುತ್ತಿದ್ದ ಹಾಗೆ ಅವರ ತಲೆ ವಾಲಿತು.

ತರೀಕೆರೆ ಬಂತು. ಕಂಡಕ್ಟರ್ ಕೂಗಿದ. ಜನ ಇಳಿದರು. ಗಂಡ ಬಾಯಿ ತೆರೆದುಕೊಂಡು ಗೊರಕೆ ಹೊಡೆಯುತ್ತಿರುವುದನ್ನು ಜಹೀರುನ್ನೀಸಾ ನೋಡಿದರು. ಎಬ್ಬಿಸಲು ಚಾಚಿದ ಕೈಯನ್ನು ಹಿಂದಕ್ಕೆ ತೆಗೆದುಕೊಂಡರು.

"ಇಳಿಯೋದಿಲ್ವೇನಮ್ಮಾ?" ಎಂದ ಕಂಡಕ್ಟರ್.

"ಭದ್ರಾವತಿಗೆ ಎರಡು ಟಿಕೆಟ್ ಕೊಡಪ್ಪ. ಅಲ್ಲಿಂದ ವಾಪಸ್ ಬತ್ತೀವಿ" ಎಂದರು ಜಹೀರುನ್ನೀಸಾ.